ಚಂಡಮಾರುತಕ್ಕೆ ದರ್ಜೆ ಕೊಡುವ ಬಗೆ

ಕಳೆದ ವರ್ಷ ಭೂಗೋಳಶಾಸ್ತ್ರದ ತರಗತಿಯಲ್ಲಿ ನಮ್ಮ ಅಧ್ಯಾಪಕರು ಒಂದು ಪ್ರಶ್ನೆ ಕೇಳಿದರು. ಅಮೆರಿಕದ ಕರಾವಳಿಯ ಒಂದು ಊರಿನ ಕಡೆಗೆ ಚಂಡಮಾರುತವೊಂದು ಬರುತ್ತಿದೆ ಎಂದಿಟ್ಟುಕೊಳ್ಳಿ; ಅದು ಎರಡನೆಯ ದರ್ಜೆಯದಾದರೆ ಹೆಚ್ಚು ಹೆದರುವಿರೋ, ನಾಲ್ಕನೆಯ ದರ್ಜೆಯದಾದರೆ ಹೆಚ್ಚು ಹೆದರುವಿರೋ? ತರಗತಿಗೆ ತರಗತಿಯೇ "ನಾಲ್ಕು" ಎಂದಿತು. ನನ್ನ ದನಿ ಎಲ್ಲರಿಗಿಂತ ಗಟ್ಟಿಯಾಗಿತ್ತೆಂದು ಕಾಣುತ್ತದೆ. ಅವರು ನನ್ನ ಕಡೆಗೇ ತಿರುಗಿ, "ಕಡಲದಂಡೆಯವನು ನೀನೇ ಹೀಗೆಂದರೆ ಹೇಗೆ? ಓದಿಕೊಂಡು ಬಂದು ಹೇಳು" ಎಂದರು. ಹಾಗೆ ಓದಿಕೊಂಡದ್ದರ ಸಾರವನ್ನೇ ಇಲ್ಲಿ ಬರೆಯುತ್ತಿದ್ದೇನೆ. ನಾನು ಕಲಾವಿಭಾಗದವನು, ಗಣಿತಕ್ಕೂ ನನಗೂ ಹೇಳಿಕೊಳ್ಳುವಂತಹ ಸ್ನೇಹವಿಲ್ಲ. ಆದುದರಿಂದ ಲೆಕ್ಕಕ್ಕಿಂತ ಸಂಗತಿಗಳೇ ಇಲ್ಲಿ ಹೆಚ್ಚಾಗಿರುವುದನ್ನು ವಾಚಕರು ಮನ್ನಿಸಬೇಕು.

ನಿಜವಾಗಿ ನೋಡಿದರೆ ಓದುವ ಶ್ರಮವಿಲ್ಲದೆಯೇ ನಾನು ಉತ್ತರ ಹೇಳಬಹುದಾಗಿತ್ತು. ನಮ್ಮ ಮನೆ ಕುಂದಾಪುರದಿಂದ ಉತ್ತರಕ್ಕೆ, ಕಡಲಿಗೆ ಕೂಗಳತೆಯಲ್ಲಿದೆ. 2021ನೆಯ ಇಸವಿ ಮೇ ತಿಂಗಳ ನಡುವಿನಲ್ಲಿ ತೌಕ್ತೆ ಎಂಬ ಚಂಡಮಾರುತ ಅರಬ್ಬೀ ಸಮುದ್ರದಲ್ಲಿ ನಮ್ಮ ದಂಡೆಯಿಂದ ದೂರವಾಗಿಯೇ ಗುಜರಾತಿನತ್ತ ಸಾಗಿತು. ಕಡಲಿಗಿಳಿಯಬಾರದೆಂದು ಎಚ್ಚರಿಕೆ ಬಂದಿತ್ತು, ಯಾರೂ ಇಳಿಯಲಿಲ್ಲ. ನಮ್ಮ ಅಜ್ಜ ಸಂಜೆ ಅಂಗಳದಲ್ಲಿ ನಿಂತು ತೆಂಗಿನ ಗರಿಗಳನ್ನು ನೋಡಿ, "ಗಾಳಿ ಇಷ್ಟೇ ಅಲ್ದಾ, ಎಂತ ಆತಿಲ್ಲ" ಎಂದು ನಾಡದೋಣಿಯನ್ನು ಮರಳಿನ ಮೇಲೆ ಎಂದಿನ ಜಾಗದಲ್ಲಿಯೇ ಬಿಟ್ಟರು. ಗಾಳಿ ಅವರು ಹೇಳಿದಷ್ಟೇ ಇತ್ತು. ಮನೆಯ ಒಂದು ಹೆಂಚು ಕೂಡ ಹಾರಲಿಲ್ಲ. ಆದರೆ ಆ ರಾತ್ರಿ ತೆರೆಗಳು ಎಂದೂ ಬಾರದಲ್ಲಿಗೆ ಬಂದುವು. ಬೆಳಗಾದಾಗ ದೋಣಿ ಎರಡು ತುಂಡಾಗಿ ಬಿದ್ದಿತ್ತು, ಬಲೆಯ ಗುರುತೇ ಇರಲಿಲ್ಲ, ದಂಡೆಯ ಐದು ತೆಂಗಿನ ಮರಗಳು ಬುಡ ಸಮೇತ ಕಡಲಕೊರೆತಕ್ಕೆ ಸಿಕ್ಕಿ ಹೋಗಿದ್ದುವು. ಅಜ್ಜ ಅಳೆದದ್ದು ಗಾಳಿಯನ್ನು, ಬಂದದ್ದು ನೀರು. ಇದೇ ಬಗೆಯ ತಪ್ಪೆಣಿಕೆ ಬಹು ದೊಡ್ಡ ಪ್ರಮಾಣದಲ್ಲಿ ಅಮೆರಿಕದಲ್ಲಿಯೂ ನಡೆದಿದೆ; ಅಲ್ಲಿ ಅದಕ್ಕೆ ಒಂದು ಅಂಕಿಯ ಬೆಂಬಲವೂ ಇತ್ತು.

ಗಾಳಿಗೆ ಅಂಕಿ ಕೊಡುವ ಪದ್ಧತಿ ಹಳೆಯದು. 1805ರಲ್ಲಿ ಬ್ರಿಟಿಷ್ ನೌಕಾಪಡೆಯ ಅಧಿಕಾರಿ ಫ್ರಾನ್ಸಿಸ್ ಬೋಫರ್ಟ್ ಸೊನ್ನೆಯಿಂದ ಹನ್ನೆರಡರವರೆಗೆ ಒಂದು ಪಟ್ಟಿ ಮಾಡಿದನು. ಸೊನ್ನೆಯೆಂದರೆ ಗಾಳಿಯೇ ಇಲ್ಲ. ಹನ್ನೆರಡೆಂದರೆ ಹಡಗಿನ ಯಾವ ಹಾಯಿಯೂ ತಾಳಲಾರದ ಗಾಳಿ. ಹಾಯಿ ಹರಿದುಹೋದ ಮೇಲೆ ನಾವಿಕನಿಗೆ ಹದಿಮೂರಾದರೇನು, ಹದಿನಾಲ್ಕಾದರೇನು? ಹೀಗಾಗಿ ಆತ ಅಲ್ಲಿಗೇ ನಿಲ್ಲಿಸಿದನು. ಆದರೆ ನೆಲದ ಮೇಲೆ ಮನೆ ಕಟ್ಟಿಕೊಂಡವರಿಗೆ ಲೆಕ್ಕ ಶುರುವಾಗುವುದೇ ಅಲ್ಲಿಂದ. ಆ ಹನ್ನೆರಡನೆಯ ಮೆಟ್ಟಿಲು, ಎಂದರೆ ಗಂಟೆಗೆ ಸುಮಾರು 119 ಕಿಲೋಮೀಟರ್ ವೇಗ, ಇಂದಿನ ಹರಿಕೇನ್ ಪಟ್ಟಿಯ ಮೊದಲನೆಯ ಮೆಟ್ಟಿಲಾಗಿದೆ. (ಅಟ್ಲಾಂಟಿಕ್ ಸಾಗರದ ಚಂಡಮಾರುತಕ್ಕೆ ಹರಿಕೇನ್ ಎಂದು ಹೆಸರು, ಚೀನಾ, ಜಪಾನುಗಳ ಕಡೆ ಅದೇ ಟೈಫೂನ್, ನಮ್ಮಲ್ಲಿ ಸೈಕ್ಲೋನ್. ಹೆಸರು ಬೇರೆಯಾದರೂ ಜಾತಿ ಒಂದೇ.)

ಈ ಹೊಸ ಪಟ್ಟಿಯನ್ನು ಮೊದಲು ಯೋಚಿಸಿದವನು ಹವಾಮಾನ ಶಾಸ್ತ್ರಜ್ಞನಲ್ಲ, ಕಟ್ಟಡಗಳ ಇಂಜಿನಿಯರು. ಫ್ಲಾರಿಡಾದ ಹರ್ಬರ್ಟ್ ಸಾಫಿರ್ 1969ರಲ್ಲಿ ವಿಶ್ವಸಂಸ್ಥೆಗಾಗಿ, ಚಂಡಮಾರುತ ಬೀಸುವ ಪ್ರದೇಶಗಳಲ್ಲಿ ಬಡವರ ಅಗ್ಗದ ಮನೆಗಳ ವಿಷಯವಾಗಿ ಅಧ್ಯಯನ ಮಾಡುತ್ತಿದ್ದರು. ಭೂಕಂಪಕ್ಕೆ ರಿಕ್ಟರ್ ಮಾಪನವಿರುವಂತೆ ಚಂಡಮಾರುತಕ್ಕೆ ಜನರಿಗೆ ಸುಲಭವಾಗಿ ತಿಳಿಯುವ ಅಳತೆಯೊಂದಿಲ್ಲವಲ್ಲ ಎಂದು ಅವರಿಗೆ ಅನ್ನಿಸಿತು. ಎಷ್ಟು ವೇಗದ ಗಾಳಿಗೆ ಎಂತಹ ಮನೆಯ ಯಾವ ಭಾಗ ಕಿತ್ತುಹೋಗುತ್ತದೆ ಎಂಬುದನ್ನು ಹಿಡಿದು ಐದು ದರ್ಜೆಗಳನ್ನು ಗೊತ್ತುಮಾಡಿದರು. ಪರಿಹಾರ ಕಾರ್ಯದವರಿಗೆ ಎಷ್ಟು ಸಿದ್ಧತೆ ಬೇಕೆಂಬುದನ್ನು ಮುಂಚಿತವಾಗಿ ತಿಳಿಸಲು ಇಂಥದೊಂದು ಪಟ್ಟಿ ಆಗ ರಾಷ್ಟ್ರೀಯ ಹರಿಕೇನ್ ಕೇಂದ್ರದ ನಿರ್ದೇಶಕರಾಗಿದ್ದ ರಾಬರ್ಟ್ ಸಿಂಪ್ಸನ್ನರಿಗೂ ಬೇಕಾಗಿತ್ತು. ಅವರು ಸಾಫಿರರ ಪಟ್ಟಿಗೆ ಇನ್ನೊಂದು ಅಂಶವನ್ನು ಸೇರಿಸಿದರು: ಪ್ರತಿ ದರ್ಜೆಯಲ್ಲಿಯೂ ಸಮುದ್ರ ಎಷ್ಟು ಅಡಿ ಉಕ್ಕಿ ನೆಲಕ್ಕೆ ಬರಬಹುದೆಂಬ ಅಂದಾಜು.

ಸಿಂಪ್ಸನ್ನರಿಗೆ ನೀರಿನ ನೆನಪು ಬಂದದ್ದು ಆಕಸ್ಮಿಕವಲ್ಲವೆಂದು ನನ್ನ ಊಹೆ. ಅವರು ಹುಟ್ಟಿದ ಊರು ಟೆಕ್ಸಾಸಿನ ಕಾರ್ಪಸ್ ಕ್ರಿಸ್ಟಿ. 1919ರಲ್ಲಿ ಆ ಊರಿಗೆ ಚಂಡಮಾರುತ ಬಡಿದು ಸಮುದ್ರ ಬೀದಿಗಳಿಗೆ ನುಗ್ಗಿದಾಗ ಅವರು ಆರು ವರ್ಷದ ಬಾಲಕ. ಅವರ ಬಂಧುವೊಬ್ಬರು ಆ ನೀರಿನಲ್ಲಿ ಮುಳುಗಿ ಸತ್ತರು.

ಇನ್ನು ದರ್ಜೆಗಳ ವಿಷಯ. ನಮ್ಮ ಪರೀಕ್ಷೆಗಳಲ್ಲಿ ಮೊದಲನೆಯ ದರ್ಜೆಯೇ ಮೇಲು. ಇಲ್ಲಿ ಅದು ತಿರುವುಮುರುವು. ಹತ್ತು ಮೀಟರ್ ಎತ್ತರದಲ್ಲಿ ಒಂದು ನಿಮಿಷದ ಸರಾಸರಿ ವೇಗವೇ ಇಲ್ಲಿ ಲೆಕ್ಕ. ಗಂಟೆಗೆ 119ರಿಂದ 153 ಕಿಲೋಮೀಟರಿನವರೆಗೆ ಮೊದಲನೆಯ ದರ್ಜೆ: ಗಟ್ಟಿಮುಟ್ಟಾಗಿ ಕಟ್ಟಿದ ಮನೆಗೂ ಚಾವಣಿಯ ಹೊದಿಕೆ ಕಿತ್ತುಬರಬಹುದು, ದೊಡ್ಡ ಕೊಂಬೆಗಳು ಮುರಿಯುತ್ತವೆ, ವಿದ್ಯುತ್ ಕೆಲವು ದಿನ ಇರುವುದಿಲ್ಲ. 177ರವರೆಗೆ ಎರಡನೆಯದು, ಆಳವಾಗಿ ಬೇರುಬಿಡದ ಮರಗಳು ಉರುಳಿ ದಾರಿಗಳು ಮುಚ್ಚಿಹೋಗುತ್ತವೆ. ಮೂರನೆಯದು 178ರಿಂದ 208. ಇಲ್ಲಿಂದ ಮೇಲಿನವಕ್ಕೆ 'ಭಾರಿ' ಎಂಬ ಬಿರುದು. ಚಾವಣಿಯ ಹಲಗೆಗಳೇ ಏಳುತ್ತವೆ. ದೀಪವೂ ಇಲ್ಲ, ನಲ್ಲಿಯಲ್ಲಿ ನೀರೂ ಇಲ್ಲ. 251ರವರೆಗಿನ ನಾಲ್ಕನೆಯದರಲ್ಲಿ ಚಾವಣಿಯ ಬಹುಭಾಗವೂ ಹೊರಗೋಡೆಗಳಲ್ಲಿ ಕೆಲವೂ ಹೋಗುತ್ತವೆ. ಊರು ವಾರಗಟ್ಟಲೆ, ಕೆಲವೊಮ್ಮೆ ತಿಂಗಳುಗಟ್ಟಲೆ ವಾಸಕ್ಕೆ ಬಾರದು. 252 ಮತ್ತು ಅದಕ್ಕೆ ಮೇಲ್ಪಟ್ಟುದೆಲ್ಲ ಐದನೆಯದು. ಮರದ ಚೌಕಟ್ಟಿನ ಮನೆಗಳಲ್ಲಿ ಹೆಚ್ಚಿನವು ನೆಲಸಮ.

ಒಂದು ಮೆಟ್ಟಿಲು ಏರಿದರೆ ಹಾನಿಯೂ ಒಂದು ಪಾಲು ಏರುತ್ತದೆಂದು ತಿಳಿಯಬಾರದು. ಗಾಳಿಯ ವೇಗ ಇಮ್ಮಡಿಯಾದರೆ ಗೋಡೆಯ ಮೇಲಿನ ಒತ್ತಡ ನಾಲ್ಮಡಿಯಾಗುತ್ತದೆ. ಹಾನಿ ಇನ್ನೂ ವೇಗವಾಗಿ ಬೆಳೆಯುತ್ತದೆ, ಏಕೆಂದರೆ ಚಾವಣಿ ಹಾರಿದ ಮೇಲೆ ಗೋಡೆಗೆ ಆಧಾರವಿಲ್ಲ, ಹಾರಿದ ಚಾವಣಿಯೇ ಪಕ್ಕದ ಮನೆಗೆ ಹೊಡೆಯುವ ಗುಂಡು. ದರ್ಜೆಯೊಂದು ಹೆಚ್ಚಿದಂತೆಲ್ಲ ಹಾನಿ ಸರಾಸರಿ ನಾಲ್ಕು ಪಟ್ಟಾಗುತ್ತದೆಂಬುದು ಹರಿಕೇನ್ ಕೇಂದ್ರದವರ ಸ್ಥೂಲ ಲೆಕ್ಕ.

ಇಲ್ಲಿಯವರೆಗೆ ಸಾಫಿರರ ಕೆಲಸದಲ್ಲಿ ಕುಂದಿಲ್ಲ. ತೊಡಕು ಬಂದದ್ದು ಸಿಂಪ್ಸನ್ನರು ಸೇರಿಸಿದ ಅಂಶದಲ್ಲಿ. ಹಳೆಯ ಪಟ್ಟಿಯಂತೆ ಎರಡನೆಯ ದರ್ಜೆಗೆ ಸಮುದ್ರ ಉಕ್ಕಬೇಕಾದದ್ದು 6ರಿಂದ 8 ಅಡಿ, ಮೂರನೆಯದಕ್ಕೆ 9ರಿಂದ 12, ನಾಲ್ಕನೆಯದಕ್ಕೆ 13ರಿಂದ 18. ಆದದ್ದೇನು? 2004ರಲ್ಲಿ ನಾಲ್ಕನೆಯ ದರ್ಜೆಯ ಚಾರ್ಲಿ ಫ್ಲಾರಿಡಾಕ್ಕೆ ಬಡಿದಾಗ ನೀರು ಏರಿದ್ದು ಬರಿಯ 6ರಿಂದ 8 ಅಡಿ. ಮರುವರ್ಷ ಮೂರನೆಯ ದರ್ಜೆಯ ಕತ್ರಿನಾ ಬಂದಾಗ ಮಿಸಿಸಿಪಿಯ ದಂಡೆಯಲ್ಲಿ ಸುಮಾರು 28 ಅಡಿ. 2008ರಲ್ಲಿ ಐಕ್ ಎಂಬುದು ಎರಡನೆಯ ದರ್ಜೆಯದಾಗಿ ಟೆಕ್ಸಾಸಿನ ಗಾಲ್ವೆಸ್ಟನ್ ಬಳಿ ನೆಲ ಮುಟ್ಟಿತು. ನೀರು 15ರಿಂದ 20 ಅಡಿ! ಬೊಲಿವರ್ ಎಂಬ ಅಲ್ಲಿನ ತಗ್ಗು ಭೂಶಿರದಲ್ಲಿ ಬೀದಿಗೆ ಬೀದಿಯೇ ಕೊಚ್ಚಿಹೋಗಿ ಕಂಬಗಳು ಮಾತ್ರ ಉಳಿದುವು. ನಮ್ಮ ಅಧ್ಯಾಪಕರ ಮನಸ್ಸಿನಲ್ಲಿದ್ದದ್ದು ಇದೇ ಐಕ್, ಇದೇ ಚಾರ್ಲಿ ಎಂಬುದು ನನಗೆ ಆಗ ಹೊಳೆಯಿತು.

ಕಾರಣ ಕಷ್ಟದ್ದೇನಲ್ಲ. ಚಂಡಮಾರುತದ ನಡುವೆ ವಾಯುಭಾರ ಕಡಿಮೆಯಾದುದರಿಂದ ನೀರು ಸ್ವಲ್ಪ ಉಬ್ಬುತ್ತದೆ. ಆದರೆ ಅದು ಅಲ್ಪಾಂಶ. ಮುಖ್ಯವಾಗಿ ಗಾಳಿ ನೀರನ್ನು ದಂಡೆಯ ಕಡೆಗೆ ತಳ್ಳಿ ರಾಶಿ ಹಾಕುತ್ತದೆ. ಎಷ್ಟು ಅಗಲದ ಕಡಲಿನ ಮೇಲೆ, ಎಷ್ಟು ಹೊತ್ತು ತಳ್ಳಿತು, ದಂಡೆಯ ಮುಂದಿನ ಕಡಲು ಆಳವೋ ತೆಳುವೋ, ದಂಡೆಗೆ ನೇರವಾಗಿ ಬಂತೋ ಓರೆಯಾಗಿಯೋ ಎಂಬುದರ ಮೇಲೆ ನೀರಿನ ಎತ್ತರ ನಿಂತಿದೆ. ಚಾರ್ಲಿ ಚಿಕ್ಕದು, ಬಿಗಿಯಾದ ಬುಗುರಿಯಂತಹುದು. ಐಕ್ ಬಹಳ ಅಗಲವಾದದ್ದು. ಕತ್ರಿನಾ ಹಿಂದಿನ ದಿನ ಮೆಕ್ಸಿಕೋ ಕೊಲ್ಲಿಯಲ್ಲಿ ಐದನೆಯ ದರ್ಜೆಯದಾಗಿತ್ತು. ದಂಡೆ ಮುಟ್ಟುವ ಹೊತ್ತಿಗೆ ಗಾಳಿ ಇಳಿಯಿತು, ಅಂಕಿಯೂ ಇಳಿಯಿತು. ಆದರೆ ಆಗಲೇ ಹೊರಟಿದ್ದ ನೀರು ಇಳಿಯಲಿಲ್ಲ. ಮಿಸಿಸಿಪಿಯ ದಂಡೆಯವರು 1969ರ ಕ್ಯಾಮಿಲ್ ಎಂಬ ಐದನೆಯ ದರ್ಜೆಯ ಚಂಡಮಾರುತವನ್ನು ಕಂಡವರು. ಅಂದು ನೀರು ಮುಟ್ಟದ ಮನೆಯನ್ನು ಇದೇನು ಮುಟ್ಟೀತು ಎಂದು ಎಷ್ಟೋ ಮಂದಿ ಮನೆಯಲ್ಲಿಯೇ ಉಳಿದರು. ಅಂಗಳದಲ್ಲಿ ನಿಂತ ನಮ್ಮ ಅಜ್ಜನನ್ನು ನಾನು ಇಲ್ಲಿ ನೆನೆಯದೆ ಇರಲಾರೆ. ಅಜ್ಜನದು ದೋಣಿ ಹೋಯಿತು; ಅವರಲ್ಲಿ ಅನೇಕರ ಪ್ರಾಣವೇ ಹೋಯಿತು.

ಈ ಅನುಭವಗಳ ಮೇಲೆ 2010ರಲ್ಲಿ ಹರಿಕೇನ್ ಕೇಂದ್ರದವರು ಪಟ್ಟಿಯಿಂದ ಸಮುದ್ರದ ಉಬ್ಬರವನ್ನೂ ವಾಯುಭಾರವನ್ನೂ ತೆಗೆದುಹಾಕಿ, ಅದು ಕೇವಲ ಗಾಳಿಯ ಪಟ್ಟಿಯೆಂದು ಹೆಸರನ್ನೇ ತಿದ್ದಿದರು. ಇದು ಪ್ರಾಮಾಣಿಕವಾದ ಕೆಲಸವೆಂಬುದರಲ್ಲಿ ಸಂದೇಹವಿಲ್ಲ. ಆದರೂ ಹೆಸರು ತಿದ್ದಿದ ಮಾತ್ರಕ್ಕೆ ಕೇಳುವವರ ಕಿವಿ ತಿದ್ದಲಿಲ್ಲ ಎಂದು ನನಗೆ ತೋರುತ್ತದೆ. 1963ರಿಂದ 2012ರವರೆಗಿನ ಐವತ್ತು ವರ್ಷಗಳಲ್ಲಿ ಅಟ್ಲಾಂಟಿಕ್ ಚಂಡಮಾರುತಗಳ ನೇರ ಹೊಡೆತದಿಂದ ಅಮೆರಿಕದಲ್ಲಿ ಸತ್ತವರಲ್ಲಿ ನೂರಕ್ಕೆ ಸುಮಾರು ತೊಂಬತ್ತು ಮಂದಿ ನೀರಿನಿಂದಲೇ ಸತ್ತವರು. ಹೀಗಿರಲಾಗಿ ಪತ್ರಿಕೆಯ ತಲೆಬರಹಕ್ಕೇರುವ ಒಂದೇ ಒಂದು ಅಂಕಿ, ನೀರಿನ ಸುದ್ದಿಯನ್ನೇ ಹೇಳದ ಅಂಕಿ! 2012ರಲ್ಲಿ ಸ್ಯಾಂಡಿ ದಂಡೆಗೆ ಬರುವ ಹೊತ್ತಿಗೆ ಶಾಸ್ತ್ರದ ಪ್ರಕಾರ ಹರಿಕೇನೇ ಆಗಿರಲಿಲ್ಲ. ನ್ಯೂಯಾರ್ಕಿನ ಸುರಂಗ ರೈಲುಮಾರ್ಗಕ್ಕೆ ಸಮುದ್ರ ನುಗ್ಗಿತು. 2017ರ ಹಾರ್ವಿ ನಾಲ್ಕನೆಯ ದರ್ಜೆಯಿಂದ ಇಳಿದು ಇಳಿದು ದರ್ಜೆಯೇ ಇಲ್ಲದ ಸ್ಥಿತಿಗೆ ಬಂದ ಮೇಲೆ ಟೆಕ್ಸಾಸಿನ ಮೇಲೆ ನಿಂತು ಮಳೆ ಸುರಿಯಿತು. ಒಂದೆಡೆ ಅರವತ್ತು ಅಂಗುಲಕ್ಕೂ ಹೆಚ್ಚು. ಅದೇ ವರ್ಷದಿಂದ ಅಲ್ಲಿ ಸಮುದ್ರದ ಉಬ್ಬರಕ್ಕೆ ಬೇರೆಯದೇ ಎಚ್ಚರಿಕೆಯನ್ನು ಹೊರಡಿಸುತ್ತಿದ್ದಾರೆ. ದರ್ಜೆ ಎಷ್ಟೇ ಇರಲಿ, ನಿಮ್ಮ ನೆಲದ ಮೇಲೆ ನೀರು ಎಷ್ಟು ಅಡಿ ನಿಂತೀತು ಎಂಬುದನ್ನು ಅದು ಹೇಳುತ್ತದೆ.

ಐದರ ಮೇಲೆ ಆರನೆಯ ದರ್ಜೆಯೊಂದು ಬೇಕೆಂಬ ವಾದವೂ ಉಂಟು. 2015ರಲ್ಲಿ ಶಾಂತಸಾಗರದ ಪೆಟ್ರೀಶಿಯಾ ಗಂಟೆಗೆ 345 ಕಿಲೋಮೀಟರ್ ವೇಗ ಮುಟ್ಟಿತ್ತೆಂಬುದು ಅವರ ಆಧಾರ. ಐದನೆಯದರಲ್ಲಿಯೇ ಮನೆ ಉಳಿಯದ ಮೇಲೆ ಆರನೆಯದು ಏಕೆಂಬುದು ಸಿಂಪ್ಸನ್ನರ ಅಭಿಪ್ರಾಯವಾಗಿತ್ತು. ನನಗೂ ಹಾಗೆಯೇ ಅನ್ನಿಸುತ್ತದೆ. ಬೋಫರ್ಟನ ಹಾಯಿಯ ಲೆಕ್ಕವೇ ಇದು.

ನಮ್ಮ ದೇಶದ ಹವಾಮಾನ ಇಲಾಖೆ ಚಂಡಮಾರುತಗಳಿಗೆ ಅಂಕಿ ಕೊಡದೆ ಹೆಸರು ಕೊಡುತ್ತದೆ: ವಾಯುಭಾರ ಕುಸಿತದಿಂದ ಹಿಡಿದು ಮೆಟ್ಟಿಲು ಮೆಟ್ಟಿಲಾಗಿ ಗಂಟೆಗೆ 222 ಕಿಲೋಮೀಟರ್ ಮತ್ತು ಅದಕ್ಕೆ ಮೇಲ್ಪಟ್ಟ ಸೂಪರ್ ಸೈಕ್ಲೋನಿನವರೆಗೆ. ಇಲ್ಲಿ ಮೂರು ನಿಮಿಷಗಳ ಸರಾಸರಿ ತೆಗೆಯುವುದರಿಂದ, ಒಂದೇ ಗಾಳಿಗೆ ಅಮೆರಿಕದವರು ಹೇಳುವ ವೇಗಕ್ಕೂ ನಮ್ಮವರು ಹೇಳುವುದಕ್ಕೂ ಅಂತರ ಕಂಡರೆ ಗಾಬರಿಯಾಗಬೇಕಾಗಿಲ್ಲ. ಇದೂ ಗಾಳಿಯ ಏಣಿಯೇ. ತೆರೆಗಳ ಎತ್ತರವನ್ನು ಹೈದರಾಬಾದಿನ ಸಾಗರ ಮಾಹಿತಿ ಕೇಂದ್ರದವರು ಬೇರೆಯಾಗಿ ತಿಳಿಸುತ್ತಾರೆ.

ಅಧ್ಯಾಪಕರಿಗೆ ಇಷ್ಟನ್ನೂ ಒಪ್ಪಿಸಿದೆ. ರಜೆಯಲ್ಲಿ ಊರಿಗೆ ಹೋದಾಗ ಅಜ್ಜನಿಗೂ ಹೇಳಿದೆ. ಅವರು ಐಕ್, ಚಾರ್ಲಿಗಳ ಕಥೆಯನ್ನು ಹೆಚ್ಚು ಲಕ್ಷ್ಯಕ್ಕೆ ತಂದುಕೊಂಡಂತೆ ಕಾಣಲಿಲ್ಲ. ಆದರೆ ಮೊನ್ನೆ ಮುನ್ನೆಚ್ಚರಿಕೆ ಬಂದು ನಾನು ಫೋನಿನಲ್ಲಿ ಗಾಳಿಯ ವೇಗವನ್ನು ಓದತೊಡಗಿದಾಗ ನಡುವೆಯೇ ತಡೆದು, "ಅದಿರ್ಲಿ, ತೆರೆ ಎಷ್ಟ್ ಎತ್ರ ಅಂದಿರ್?" ಎಂದು ಕೇಳಿದರು. ಮೂರು ಮೀಟರಿಗೂ ಹೆಚ್ಚೆಂದಿತ್ತು. ಹೊಸ ದೋಣಿಯನ್ನು ನಾವು ನಾಲ್ಕು ಜನ ಸೇರಿ ರಸ್ತೆಯ ಆಚೆ ಬದಿಗೆ ಎಳೆದು ಕಟ್ಟಿದೆವು.