ಅಭ್ಯಾಸದ ಹಂಗು ತೊರೆದ ಗಿಟಾರ್

ಗಿಟಾರ್ ಎಂದೊಡನೆ ನೆನಪಾಗುವುದು ಸಿನಿಮಾ ಹಾಡಿನ ಯಾವುದೋ ಇಂಪಾದ ತುಣುಕು. ಆದರೆ ಡೆರೆಕ್ ಬೈಲಿ ಅವರ ಗಿಟಾರ್‌ನಲ್ಲಿ ಅಂಥ ಇಂಪು ಹುಡುಕಿದರೂ ಸಿಗದು. ತಂತಿ ಒಮ್ಮೆ ಠಣ್ಣೆನ್ನುತ್ತದೆ, ಮರುಕ್ಷಣ ಕಿರುಗುಡುತ್ತದೆ, ನಡುವೆ ಮೌನ. ಗುನುಗಲು ಒಂದು ಸಾಲಿಲ್ಲ, ತಲೆದೂಗಲು ತಾಳವಿಲ್ಲ. ಇವರಿಗೆ ನಿಜಕ್ಕೂ ಗಿಟಾರ್ ಬರುತ್ತಿತ್ತೇ ಎಂದು ಯಾರಾದರೂ ಕೇಳಿದರೆ ಆಶ್ಚರ್ಯವಿಲ್ಲ.

ಬರುತ್ತಿತ್ತು, ಚೆನ್ನಾಗಿಯೇ. ಇಂಗ್ಲೆಂಡಿನ ಉಕ್ಕಿನ ನಗರ ಶೆಫೀಲ್ಡ್‌ನಲ್ಲಿ 1930ರ ಜನವರಿ 29ರಂದು ಹುಟ್ಟಿದ ಬೈಲಿ, ನೃತ್ಯಶಾಲೆ, ನೈಟ್‌ಕ್ಲಬ್, ರೇಡಿಯೊ, ಸ್ಟುಡಿಯೊಗಳಲ್ಲಿ ನುಡಿಸಿ ಹೊಟ್ಟೆ ಹೊರೆದವರು. ಬೇಕೆಂದ ಹಾಡನ್ನು ಬೇಕೆಂದ ಧಾಟಿಯಲ್ಲಿ ನುಡಿಸಿಕೊಡುವ ಕಸುಬುದಾರ. ಆ ಭದ್ರ ಸಂಪಾದನೆಯನ್ನು ಅವರು ಬಿಟ್ಟದ್ದೇಕೆ?

1963ರಲ್ಲಿ ಅವರು ಡ್ರಮ್ ವಾದಕ ಟೋನಿ ಆಕ್ಸ್‌ಲಿ, ಬಾಸ್ ವಾದಕ ಗ್ಯಾವಿನ್ ಬ್ರಯರ್ಸ್ ಜತೆ ಊರಿನಲ್ಲೇ ಒಂದು ತಂಡ ಕಟ್ಟಿದರು. ಆರಂಭದಲ್ಲಿ ನುಡಿಸಿದ್ದು ಜಾಝ್. ಮೂರು ವರ್ಷಗಳಲ್ಲಿ ತಾಳ, ಸ್ವರಮೇಳಗಳ ಕಟ್ಟು ಒಂದೊಂದಾಗಿ ಸಡಿಲಗೊಂಡು, ಕೊನೆಗೆ ಉಳಿದದ್ದು ಆ ಕ್ಷಣದ ನುಡಿಸಾಣಿಕೆ ಮಾತ್ರ.

ನಮ್ಮ ಕಚೇರಿಗಳ ಮನೋಧರ್ಮ ಇದಕ್ಕೆ ಹತ್ತಿರದ್ದೇ. ಆದರೆ ನಮ್ಮ ವಿದ್ವಾಂಸರು ಎಷ್ಟೇ ವಿಸ್ತರಿಸಿದರೂ ರಾಗ, ತಾಳಗಳ ಅಂಗಳ ದಾಟುವುದಿಲ್ಲ. ಬೈಲಿಗೆ ಆ ಅಂಗಳವೂ ಬೇಡವಾಗಿತ್ತು. ಹಾಗೆಂದು ಅವರು ಪರಂಪರೆಯನ್ನು ಹೀಗಳೆಯಲಿಲ್ಲ. ಸ್ಥಳದಲ್ಲೇ ಹುಟ್ಟುವ ಸಂಗೀತದ ಬಗ್ಗೆ ಅವರು 1980ರಲ್ಲಿ ಪ್ರಕಟಿಸಿದ ‘ಇಂಪ್ರೊವೈಸೇಷನ್’ ಪುಸ್ತಕದಲ್ಲಿ ಸ್ಪೇನಿನ ಫ್ಲಮೆಂಕೊ, ಚರ್ಚಿನ ಆರ್ಗನ್, ಜಾಝ್‌ಗಳ ಜತೆಗೆ ಭಾರತೀಯ ಸಂಗೀತಕ್ಕೂ ಸ್ಥಾನವಿದೆ. ಅದನ್ನು ಆಧರಿಸಿ 1992ರಲ್ಲಿ ಬ್ರಿಟನ್ನಿನ ಚಾನೆಲ್ 4 ನಾಲ್ಕು ಕಂತುಗಳ ಸರಣಿಯನ್ನೂ ಪ್ರಸಾರ ಮಾಡಿತು.

ಇಂಥ ಸಂಗೀತವನ್ನು ದೊಡ್ಡ ಕಂಪನಿಗಳು ಮುದ್ರಿಸುವುದುಂಟೇ? 1970ರಲ್ಲಿ ಆಕ್ಸ್‌ಲಿ ಹಾಗೂ ಸ್ಯಾಕ್ಸೊಫೋನ್ ವಾದಕ ಇವಾನ್ ಪಾರ್ಕರ್ ಜತೆ ಸೇರಿ ಬೈಲಿ ‘ಇಂಕಸ್’ ಎಂಬ ಸ್ವಂತ ಧ್ವನಿಮುದ್ರಣ ಸಂಸ್ಥೆಯನ್ನೇ ಹುಟ್ಟುಹಾಕಿದರು. 1977ರಿಂದ 1994ರವರೆಗೆ ನಡೆದ ಅವರ ‘ಕಂಪನಿ ವೀಕ್’ ಉತ್ಸವಗಳಲ್ಲಿ, ಹಿಂದೆಂದೂ ಜತೆಗೂಡದ ಕಲಾವಿದರನ್ನು ಒಂದೇ ವೇದಿಕೆಗೆ ಕರೆತರುತ್ತಿದ್ದರು. ಪರಿಚಯ ಬೆಳೆದರೆ ಅಭ್ಯಾಸ ಬೆಳೆಯುತ್ತದೆ, ಅಭ್ಯಾಸ ಬೆಳೆದರೆ ಅಚ್ಚರಿ ಸಾಯುತ್ತದೆ ಎಂಬುದು ಇದರ ಹಿಂದಿನ ತರ್ಕ.

ಈ ನಂಬಿಕೆಗೆ ಕಠಿಣ ಪರೀಕ್ಷೆ ಎದುರಾದದ್ದು ಕೊನೆಗಾಲದಲ್ಲಿ. ಬಾರ್ಸಿಲೋನಾದಲ್ಲಿ ನೆಲೆಸಿದ್ದಾಗ ಅವರ ಬಲಗೈ ಸೋಲತೊಡಗಿತು. ತಂತಿ ಮೀಟುವ ಪ್ಲೆಕ್ಟ್ರಮ್ ಹಿಡಿಯಲೂ ಆಗದು. ಮಣಿಕಟ್ಟಿನ ನರ ಒತ್ತಿಕೊಂಡಿದೆ ಎಂದರು ವೈದ್ಯರು. ಬೈಲಿ ಶಸ್ತ್ರಚಿಕಿತ್ಸೆಗೆ ಒಪ್ಪಲಿಲ್ಲ. ಎಪ್ಪತ್ತು ದಾಟಿದ ಆ ಕಲಾವಿದ ಹೆಬ್ಬೆರಳಿನಿಂದ ಮೀಟುವುದನ್ನು ಹೊಸದಾಗಿ ಕಲಿಯಲು ಕುಳಿತರು. ಮೂರು, ಐದು, ಏಳು, ಒಂಬತ್ತು, ಹನ್ನೆರಡು ವಾರಗಳ ಬಳಿಕ ನುಡಿಸಿದ್ದನ್ನು ದಾಖಲಿಸಿ, ಕಾಯಿಲೆಯ ಹೆಸರನ್ನೇ ಇಟ್ಟು, 2005ರಲ್ಲಿ ‘ಕಾರ್ಪಲ್ ಟನಲ್’ ಸಿ.ಡಿ. ಹೊರತಂದರು.

ಅಸಲಿಗೆ ಅವರನ್ನು ಕಾಡುತ್ತಿದ್ದುದು ಮೋಟಾರ್ ನ್ಯೂರಾನ್ ಕಾಯಿಲೆ. ಅದೇ ವರ್ಷದ ಡಿಸೆಂಬರ್ 25ರಂದು ಲಂಡನ್ನಿನಲ್ಲಿ ಅವರು ತೀರಿಕೊಂಡರು. ಕೈಗೆ ಅಂಟಿದ ಅಭ್ಯಾಸವನ್ನು ಮೀರಲು ಜೀವಮಾನವಿಡೀ ಹೆಣಗಿದವರ ಕೊನೆಯ ಧ್ವನಿಮುದ್ರಣಗಳಲ್ಲಿ, ಏನನ್ನೂ ಅರಿಯದ ಕೈಯೊಂದು ಗಿಟಾರನ್ನು ಮೊದಲ ಸಲ ಮುಟ್ಟುತ್ತಿರುವಂತೆ ಕೇಳಿಸುತ್ತದೆ.