ಶರೀಫರ ಗುಡುಗುಡಿ, ತರುಣರ ಗಿಟಾರು

ಕಾಗಿನೆಲೆ ಎಂದೊಡನೆ ಕನ್ನಡಿಗರ ನೆನಪಿಗೆ ಬರುವವರು ಕನಕದಾಸರು. ಅವರು ಹುಟ್ಟಿದ್ದು ಬಾಡದಲ್ಲಿ. ಆದರೆ ಕೀರ್ತನೆಗಳಿಗೆ ಅಂಕಿತವಾಗಿ ಇರಿಸಿದುದು ಕಾಗಿನೆಲೆಯ ಆದಿಕೇಶವನ ಹೆಸರನ್ನು. ಆ ಬಾಡವಿರುವ ಶಿಗ್ಗಾಂವಿ ತಾಲ್ಲೂಕಿನಲ್ಲಿಯೇ ಶಿಶುವಿನಹಾಳವೆಂಬ ಇನ್ನೊಂದು ಹಳ್ಳಿಯಿದೆ. 1819ರ ಜುಲೈ 3ರಂದು ಅಲ್ಲಿ ಜನಿಸಿ, 1889ರ ಅದೇ ಜುಲೈ 3ರಂದು ದೇಹವಿಟ್ಟ ಶರೀಫ ಸಾಹೇಬರೂ ತಮ್ಮ ಪದಗಳ ಅಂಕಿತದಲ್ಲಿ ಊರ ಹೆಸರನ್ನೇ ಬೆಸೆದರು. ಹೀಗಾಗಿ ಈ ಇಬ್ಬರ ಹಾಡು ಎಷ್ಟು ದೂರ ಹೋದರೂ ಹಾವೇರಿಯ ಸೀಮೆಯ ಮಣ್ಣು ಅದರ ಕಾಲಿಗೆ ಅಂಟಿಕೊಂಡೇ ಇರುತ್ತದೆ.

ಹಾಗೆ ಬಹುದೂರ ಹೋದ ಒಂದು ಹಾಡಿನ ಕತೆ ಇದು.

ಕಡಲು ದಾಟಿದ ಪದ

ಮೈಸೂರಿನಲ್ಲಿ ಬೆಳೆದು, ಸೂಕ್ಷ್ಮಜೀವಿಶಾಸ್ತ್ರದಲ್ಲಿ ಸ್ನಾತಕೋತ್ತರ ಪದವಿ ಪಡೆದು, ಭರತನಾಟ್ಯವನ್ನೂ ಅಭ್ಯಾಸ ಮಾಡಿದ ರಘು ದೀಕ್ಷಿತ್ ಅವರು ಕಟ್ಟಿದ ವಾದ್ಯವೃಂದ ‘ರಘು ದೀಕ್ಷಿತ್ ಪ್ರಾಜೆಕ್ಟ್’. ಅದರ ಮೊದಲ ಗೀತಸಂಪುಟ 2008ರಲ್ಲಿ ಹೊರಬಂದಿತು. ಹಿಂದಿ, ಇಂಗ್ಲಿಷ್ ಹಾಡುಗಳ ನಡುವೆ ಅದರಲ್ಲಿ ಶರೀಫರ ‘ಗುಡುಗುಡಿಯ ಸೇದಿ ನೋಡೋ’ ಮತ್ತು ‘ಸೋರುತಿಹುದು ಮನೆಯ ಮಾಳಿಗಿ’ ಸ್ಥಾನ ಪಡೆದಿದ್ದವು. ಗಿಟಾರು, ಪಿಟೀಲು, ಡ್ರಮ್ಮುಗಳ ಅಬ್ಬರದ ನಡುವೆ, ಬಣ್ಣದ ಲುಂಗಿಯುಟ್ಟು ಕಾಲಿಗೆ ಗೆಜ್ಜೆ ಕಟ್ಟಿದ ಗಾಯಕ ವೇದಿಕೆಯ ಮೇಲೆ ಕುಣಿಯುತ್ತ ತತ್ತ್ವಪದ ಹಾಡಿದಾಗ ತರುಣರು ಹುಚ್ಚೆದ್ದು ದನಿಗೂಡಿಸಿದರು. 2010ರಲ್ಲಿ ಈ ವೃಂದವು ಬಿ.ಬಿ.ಸಿ.ಯ ಹೆಸರಾಂತ ಸಂಗೀತ ಕಾರ್ಯಕ್ರಮವೊಂದರಲ್ಲಿ ಕಾಣಿಸಿಕೊಂಡ ಬಳಿಕ, ಆ ಸಂಪುಟವು ಬ್ರಿಟನ್ನಿನ ಐಟ್ಯೂನ್ಸ್ ವಿಶ್ವಸಂಗೀತದ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು.

ಸ್ವಾಗತದ ಜೊತೆಗೆ ಅಸಮಾಧಾನವೂ ಬಂದಿತು. ಏಕತಾರಿಯ ಪದಕ್ಕೆ ಈ ಗದ್ದಲವೇಕೆ? ವೈರಾಗ್ಯ ಹುಟ್ಟಿಸಬೇಕಾದ ಹಾಡಿಗೆ ಹೆಜ್ಜೆ ಹಾಕುವುದೆ? ಹಿರಿಯರ ಈ ಪ್ರಶ್ನೆಗಳನ್ನು ನಕ್ಕು ತಳ್ಳಿಹಾಕುವಂತಿಲ್ಲ.

ಯಾವುದು ಮೂಲ ಧಾಟಿ?

ಆದರೆ ಹಿರಿಯರ ಕಿವಿಯಲ್ಲಿ ನಿಂತಿರುವ ಧಾಟಿ ಯಾವುದು? ಬಹುಮಟ್ಟಿಗೆ ಅದು ಸಿ. ಅಶ್ವತ್ಥ್ ಅವರದು. ಕ್ಯಾಸೆಟ್ಟುಗಳ ಕಾಲದಲ್ಲಿ ಶರೀಫರನ್ನು ಮನೆಮನೆಗೆ ಮುಟ್ಟಿಸಿದವರು ಅವರು. ನಾಗಾಭರಣರ 1990ರ ‘ಸಂತ ಶಿಶುನಾಳ ಶರೀಫ’ ಚಿತ್ರಕ್ಕೆ ಸಂಗೀತ ನೀಡಿದವರೂ ಅವರೇ. 1939ರ ಡಿಸೆಂಬರ್ 29ರಂದು ಹುಟ್ಟಿದ ಅಶ್ವತ್ಥ್, 2009ರ ಡಿಸೆಂಬರ್ 29ರಂದು ನಮ್ಮನ್ನಗಲಿದರು. ಶರೀಫರಂತೆಯೇ ಹುಟ್ಟಿದ ದಿನದಂದೇ, ಅವರಂತೆಯೇ ಎಪ್ಪತ್ತು ತುಂಬಿದಾಗ! ಅವರ ಹಾಡುಗಾರಿಕೆ ಇಂದು ನಮಗೆ ಪರಂಪರೆ. ಆದರೆ ಭಜನೆಯ ಮೇಳದಲ್ಲಿ ತಾಳ, ದಮ್ಮಡಿಗಳೊಡನೆ ಈ ಪದಗಳನ್ನು ಕೇಳಿ ಬೆಳೆದ ಹಳ್ಳಿಯ ಮುದುಕನಿಗೆ ಆ ವಾದ್ಯಮೇಳವೂ ಒಂದು ಕಾಲಕ್ಕೆ ಹೊಸತೇ ಆಗಿದ್ದಿರಬೇಕು. ಶರೀಫರ ಪದಗಳು ಬಾಯಿಂದ ಬಾಯಿಗೆ ಹರಿದು ಬದುಕಿದವು. ಹಾಡಿದವನ ಕಂಠವೇ ಅವಕ್ಕೆ ಹೊತ್ತಿಗೆ. ಅಂಥವಕ್ಕೆ ಒಂದೇ ಧಾಟಿಯ ಬೇಲಿ ಹಾಕುವುದು ಸಲ್ಲದು.

ಹೊಗೆಯಲ್ಲ, ಕೆಂಡ

ಹಾಗಾದರೆ ಚಿಂತೆಗೆ ಕಾರಣವೇ ಇಲ್ಲವೆ? ಇದೆ, ಅದು ಗಿಟಾರಿನಲ್ಲಿಲ್ಲ, ಅರ್ಥದಲ್ಲಿದೆ. ನನ್ನ ತರಗತಿಯ ಹುಡುಗರು ಈ ಹಾಡನ್ನು ತಪ್ಪಿಲ್ಲದೆ ಗುನುಗುತ್ತಾರೆ. ಗುಡುಗುಡಿ ಎಂದರೇನೆಂದು ಕೇಳಿದರೆ ಮುಖ ಮುಖ ನೋಡುತ್ತಾರೆ. ತಿಳಿದ ಒಬ್ಬಿಬ್ಬರಿಗೆ ಇದು ಹೊಗೆ ಸೇದುವವರ ಮೋಜಿನ ಹಾಡು. ಶರೀಫರು ಹೇಳಿದ್ದು ಬೇರೆ. ಅಲ್ಲಿ ಬುರುಡೆಯೆಂದರೆ ಈ ಶರೀರ, ಸಂಚಿಯೆಂದರೆ ಮನಸ್ಸು, ಅದರಿಂದ ತೆಗೆದು ಕೊಚ್ಚಿ ಸುಡಬೇಕಾದ ಭಂಗಿಯೆಂದರೆ ಮೋಹ. ಕಟ್ಟೆಯ ಮೇಲೆ ಗುಡುಗುಡಿ ಸೇದುತ್ತ ಕುಳಿತವನಿಗೆ ಅವನ ಕೈಯಲ್ಲಿರುವ ವಸ್ತುವನ್ನೇ ತೋರಿಸಿ ವೇದಾಂತ ಹೇಳಿದ ಜಾಣ್ಮೆ ಅದು. ಕೆಲಕಾಲ ಶಾಲೆಯಲ್ಲಿ ಪಾಠ ಹೇಳಿದ್ದವರು, ಕಳಸದ ಗೋವಿಂದ ಭಟ್ಟರ ಶಿಷ್ಯರು; ಕೇಳುವವನಿಗೆ ಗೊತ್ತಿರುವುದರಿಂದಲೇ ಪಾಠ ತೊಡಗಬೇಕೆಂಬ ಗುಟ್ಟು ಅವರಿಗೆ ಗೊತ್ತಿತ್ತು.

ಇಂದಿನ ಕಟ್ಟೆಯಲ್ಲಿ ಗುಡುಗುಡಿಯಿಲ್ಲ. ಹುಡುಗರ ಕೈಯಲ್ಲಿರುವುದು ಮೊಬೈಲು, ಕಿವಿಯಲ್ಲಿರುವುದು ಗಿಟಾರು. ಅವರಿಗೆ ಗೊತ್ತಿರುವುದರಿಂದಲೇ ಹಾಡನ್ನು ಅವರ ಬಳಿಗೆ ಒಯ್ದವನು ಅರ್ಧ ಕೆಲಸ ಮಾಡಿದ್ದಾನೆ. ಉಳಿದರ್ಧ ಮನೆಯ ಹಿರಿಯರದು, ಶಾಲೆಯ ಮೇಷ್ಟರದು. ಮುಂದಿನ ಬಾರಿ ಮಗ ಈ ಹಾಡು ಹಾಕಿದಾಗ “ನಿಲ್ಲಿಸೋ” ಎಂದು ಗದರಿಸಬೇಡಿ. ಪಕ್ಕದಲ್ಲಿ ಕುಳಿತು, “ಸಂಚಿ ಅಂದರೆ ಏನು ಗೊತ್ತೇನೋ?” ಎಂದು ಕೇಳಿ. ಶಿಶುವಿನಹಾಳದ ಕೆಂಡ ಆರದಿರಲು ಊದುವವರು ಬೇಕು. ಕೊಳವೆ ಬಿದಿರಿನದಾದರೇನು, ಲೋಹದ್ದಾದರೇನು?