ಎದೆ ತಟ್ಟಿಕೊಳ್ಳದ ಎದೆಗಾರರು

ಎತ್ತುಗಳಿರಬೇಕಾದ ಜಾಗದಲ್ಲಿ ಇಬ್ಬರು ಗಂಡಸರು. ಹೆಗಲ ಮೇಲೆ ನೊಗ. ಹಿಂದೆ ಮೇಣಿ ಹಿಡಿದು ಉಳುತ್ತಿರುವವನು ಮತ್ತೊಬ್ಬ. ಪುಟ್ಟ ಹುಡುಗನೊಬ್ಬ ಅದನ್ನು ನೋಡುತ್ತ ನಿಂತಿದ್ದಾನೆ. ನೊಗ ಹೊತ್ತ ಇಬ್ಬರಲ್ಲಿ ಒಬ್ಬರು ಅವನ ಅಪ್ಪ. ಸಿದ್ಧಲಿಂಗಯ್ಯನವರ ಆತ್ಮಕಥೆ ‘ಊರುಕೇರಿ’ಯ ಆರಂಭದಲ್ಲೇ ಸಿಗುವ ಈ ದೃಶ್ಯವನ್ನು ಬೇರೆ ಯಾರಾದರೂ ಬರೆದಿದ್ದರೆ ನಾಲ್ಕು ಪುಟ ಗೋಳಾಡುತ್ತಿದ್ದರೋ ಏನೋ. ಸಿದ್ಧಲಿಂಗಯ್ಯ ಕಂಡದ್ದನ್ನು ಕಂಡಷ್ಟೇ ಹೇಳಿ ಮುಂದೆ ನಡೆಯುತ್ತಾರೆ. ಉಳಿದದ್ದು ಓದುಗನ ಪಾಲಿಗೆ.

1975ರಲ್ಲಿ ಬಂದ ಅವರ ಕವನ ಸಂಕಲನ ‘ಹೊಲೆಮಾದಿಗರ ಹಾಡು’ ಓದಿದವರು ಈ ಪುಸ್ತಕದಲ್ಲೂ ಅದೇ ಬೆಂಕಿಯನ್ನು ನಿರೀಕ್ಷಿಸುತ್ತಾರೆ. ಸಿಗುವುದು ನಗು. ಮಾಗಡಿ ಸೀಮೆಯ ಮಂಚನಬೆಲೆಯಿಂದ ಬೆಂಗಳೂರಿನ ಶ್ರೀರಾಮಪುರಕ್ಕೆ ಬಂದ ಹುಡುಗ, ಓದಲು ಪ್ರಶಸ್ತ ಜಾಗವೆಂದು ಆರಿಸಿಕೊಳ್ಳುವುದು ಸ್ಮಶಾನವನ್ನು! ಮನೆಯಲ್ಲಿ ಜಾಗವಿಲ್ಲ, ಗೋರಿಗಳ ನಡುವೆ ಗಲಾಟೆ ಮಾಡುವವರಿಲ್ಲ. ಬಡತನದ ಈ ಸಂಗತಿಯನ್ನು ಅವರು ಕರುಣೆ ಬೇಡಿ ಹೇಳುವುದಿಲ್ಲ, ತಮಾಷೆಯಾಗಿ ಹೇಳುತ್ತಾರೆ. ಹಸಿವನ್ನೂ ಹಾಸ್ಟೆಲನ್ನೂ ಹಾಗೆಯೇ. ಅವಮಾನ ಮಾಡಿದವನನ್ನು ಬೈದರೆ ಅವನು ದೊಡ್ಡವನಾಗಿಯೇ ಉಳಿಯುತ್ತಾನೆ, ನಕ್ಕರೆ ಮಾತ್ರ ಅವನ ದೊಡ್ಡಸ್ತಿಕೆ ಕರಗುತ್ತದೆ. ಈ ಗುಟ್ಟು ಸಿದ್ಧಲಿಂಗಯ್ಯನವರಿಗೆ ಚೆನ್ನಾಗಿ ಗೊತ್ತಿತ್ತು. ಹಾಗೆಂದು ಅವರ ನಗು ಪುಕ್ಕಲರ ನಗುವಲ್ಲ. 1973ರಲ್ಲಿ ಕನ್ನಡ ಸಾಹಿತ್ಯವನ್ನು ಸಚಿವ ಬಿ. ಬಸವಲಿಂಗಪ್ಪನವರು ಬೂಸಾ ಎಂದಾಗ ಎದ್ದ ಗಲಭೆಯಲ್ಲಿ ದಲಿತ ವಿದ್ಯಾರ್ಥಿಗಳು ಪೆಟ್ಟು ತಿಂದರು. ಆಗ ಬಸವಲಿಂಗಪ್ಪನವರ ಪರ ನಿಂತು ಮಾತಾಡಿದ ಯುವಕರಲ್ಲಿ ಇವರೂ ಒಬ್ಬರು.

ಎಚ್. ನರಸಿಂಹಯ್ಯನವರ ಆತ್ಮಕಥೆ ‘ಹೋರಾಟದ ಹಾದಿ’ಯ ಧಾಟಿಯೇ ಬೇರೆ. ಇಲ್ಲಿ ನಗುವಿಗಿಂತ ಹಠ ಹೆಚ್ಚು. ಗೌರಿಬಿದನೂರು ತಾಲ್ಲೂಕಿನ ಹೊಸೂರಿನ ಬಡ ಹುಡುಗ ಹೈಸ್ಕೂಲು ಸೇರಲು ಬೆಂಗಳೂರಿಗೆ ನಡೆದೇ ಬಂದ. ಬಸ್ಸಿಗೆ ಕಾಸಿರಲಿಲ್ಲ, ಅಷ್ಟೇ ಕಾರಣ. 1942ರಲ್ಲಿ ಓದು ಬಿಟ್ಟು ಚಳವಳಿಗೆ ಧುಮುಕಿ ಜೈಲು ಸೇರಿದ. ಮುಂದೆ ಅಮೆರಿಕದ ಒಹಾಯೊದಲ್ಲಿ ಪರಮಾಣು ಭೌತವಿಜ್ಞಾನದಲ್ಲಿ ಡಾಕ್ಟರೇಟ್ ಪಡೆದ. ಹಿಂದಿರುಗಿದ ಮೇಲೂ ಬದಲಾಗಲಿಲ್ಲ: ಅದೇ ಖಾದಿ, ಬಸವನಗುಡಿಯ ನ್ಯಾಷನಲ್ ಕಾಲೇಜಿನ ಹಾಸ್ಟೆಲಿನಲ್ಲಿ ಅದೇ ಕೋಣೆ, ಅದೇ ಉಪ್ಪಿಟ್ಟು. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ, 1976ರಲ್ಲಿ, ಪವಾಡಗಳ ಪರಿಶೀಲನೆಗೆ ಸಮಿತಿ ರಚಿಸಿದರು. ಪುಟ್ಟಪರ್ತಿಯ ಸತ್ಯಸಾಯಿಬಾಬಾ ಅವರಿಗೆ ಪತ್ರ ಬರೆದು, ಪರೀಕ್ಷೆಗೆ ಒಪ್ಪಬೇಕೆಂದು ಕೇಳಿದರು. ಉತ್ತರ ಬರಲಿಲ್ಲ. ಪಾಂಡವಪುರದಲ್ಲಿ ವಿಭೂತಿ ಸುರಿಸುತ್ತಾನೆಂದು ಹೆಸರಾಗಿದ್ದ ಬಾಲಕನೊಬ್ಬ ಅದನ್ನು ಬಟ್ಟೆಯೊಳಗೆ ಬಚ್ಚಿಟ್ಟುಕೊಂಡಿದ್ದನ್ನು ಸಮಿತಿ ಬಯಲು ಮಾಡಿತು. ಮಂತ್ರಿಗಳಿಂದ ಹಿಡಿದು ನ್ಯಾಯಾಧೀಶರವರೆಗೆ ಬಾಬಾ ಭಕ್ತರಿದ್ದ ಕಾಲವದು. ಕುಲಪತಿಯ ಕುರ್ಚಿಯಲ್ಲಿ ಕೂತವರು ಅಂಥ ಪತ್ರ ಬರೆಯುವುದು ಈಗ ಊಹಿಸಲೂ ಕಷ್ಟ. ಒಂದು ಮಾತು ಹೇಳಲೇಬೇಕು: ಗದ್ಯವಾಗಿ ನೋಡಿದರೆ ‘ಹೋರಾಟದ ಹಾದಿ’ಗೆ ‘ಊರುಕೇರಿ’ಯ ರುಚಿಯಿಲ್ಲ. ಮೇಷ್ಟರು ವರದಿ ಒಪ್ಪಿಸಿದಂತೆ ಬರೆಯುತ್ತಾರೆ. ಆದರೆ ಆ ಬರಹವೂ ಅವರಂತೆಯೇ, ಇಸ್ತ್ರಿಯಿಲ್ಲದ ಖಾದಿ ಜುಬ್ಬ.

ಮೂರನೆಯದು ಬರೆದ ಪುಸ್ತಕವಲ್ಲ, ಹೇಳಿ ಬರೆಸಿದ್ದು. ಮಂಜಮ್ಮ ಜೋಗತಿಯವರ ಬದುಕನ್ನು ಅವರ ಬಾಯಿಂದಲೇ ಕೇಳಿ ಅರುಣ್ ಜೋಳದಕೂಡ್ಲಿಗಿ ‘ನಡುವೆ ಸುಳಿವ ಹೆಣ್ಣು’ ಮಾಡಿದರು. ಬಳ್ಳಾರಿ ಸೀಮೆಯಲ್ಲಿ ಗಂಡಾಗಿ ಹುಟ್ಟಿ, ಹೆಣ್ಣಾಗಿ ಬಾಳುವೆನೆಂದದ್ದಕ್ಕೆ ಮನೆಯಿಂದ ಹೊರಬಿದ್ದ ಜೀವ. ವಿಷ ಕುಡಿದು ಬದುಕುಳಿದದ್ದು, ಭಿಕ್ಷೆ ಬೇಡಿದ್ದು, ಇಡ್ಲಿ ಮಾರಿದ್ದು, ಕಾಳವ್ವ ಜೋಗತಿಯವರ ಜೊತೆಗೂಡಿ ಎಲ್ಲಮ್ಮನ ಆಟ ಕಟ್ಟಿದ್ದು, ಎಲ್ಲವೂ ಅವರ ಕಥೆಯಲ್ಲಿದೆ. 2021ರಲ್ಲಿ ಪದ್ಮಶ್ರೀ ಸ್ವೀಕರಿಸುವಾಗ ಸೆರಗಿನಿಂದ ರಾಷ್ಟ್ರಪತಿಗಳ ದೃಷ್ಟಿ ತೆಗೆದದ್ದನ್ನು ದೇಶವೇ ನೋಡಿತು. ಆ ಕೆಲವು ಕ್ಷಣಗಳ ವಿಡಿಯೊ ನೋಡಿ ಚಪ್ಪಾಳೆ ತಟ್ಟಿದವರೆಲ್ಲ ಪುಸ್ತಕವನ್ನೂ ಓದಿದ್ದಾರೆಯೇ? ನನಗೆ ಅನುಮಾನ. ವೇದಿಕೆಗೆ ಬರುವ ಮುಂಚಿನ ವರ್ಷಗಳಲ್ಲಿ ಯಾವ ಕ್ಯಾಮೆರಾವೂ ಇರಲಿಲ್ಲ, ಆ ವರ್ಷಗಳಿಗೆ ಸಾಕ್ಷಿ ಅವರ ಮಾತೊಂದೇ.

ರೈಲ್ವೆ ನಿಲ್ದಾಣದ ಅಂಗಡಿಗಳಲ್ಲಿ ‘ಗೆಲ್ಲುವುದು ಹೇಗೆ’ ಎಂದು ಕಲಿಸುವ ಅನುವಾದಗಳು ರಾಶಿ ಬಿದ್ದಿವೆ. ಓದಬೇಡಿ ಎನ್ನಲಾರೆ. ಆದರೆ ಅವುಗಳಲ್ಲಿ ಗೆದ್ದವರು ಗೆದ್ದ ಮೇಲೆ ಪಾಠ ಹೇಳುತ್ತಾರೆ. ನಮ್ಮ ಈ ಮೂವರು ಪಾಠ ಹೇಳುವುದಿಲ್ಲ, ತಾವು ಧೈರ್ಯವಂತರೆಂದು ಬೀಗುವುದೂ ಇಲ್ಲ. ಆ ಹೊತ್ತಿಗೆ ಬೇರೆ ದಾರಿ ಕಾಣಲಿಲ್ಲ, ಹಾಗಾಗಿ ಹೀಗೆ ಮಾಡಿದೆವು ಎಂಬ ಧಾಟಿ. ಆ ಕಾರಣಕ್ಕೇ ಇವರ ಮಾತನ್ನು ನಂಬಬಹುದು.

ಎಲ್ಲಿಂದ ಶುರು ಮಾಡಲಿ ಎಂದು ಕೇಳುವವರು ‘ಊರುಕೇರಿ’ಯ ಮೊದಲ ಭಾಗ ತೆಗೆದುಕೊಳ್ಳಿ. ದಪ್ಪ ಪುಸ್ತಕವಲ್ಲ, ಒಂದು ಭಾನುವಾರಕ್ಕೆ ಮುಗಿಯುತ್ತದೆ. ಮನೆಯಲ್ಲಿ ಹೈಸ್ಕೂಲು ಓದುವ ಮಕ್ಕಳಿದ್ದರೆ ಅವರ ಕೈಗೂ ಕೊಡಿ.